ರ್ಯಾಂಕ್ ಕೇಳುವವರು ಶುಲ್ಕ ಕೇಳುವುದಿಲ್ಲ

ನೀಟ್, ಸಿಇಟಿ ಫಲಿತಾಂಶ ಬಂದ ಮರುದಿನ ಪತ್ರಿಕೆ ತೆರೆದರೆ ಪುಟದ ತುಂಬ ಮಕ್ಕಳ ಮುಖ, ಮುಖದ ಕೆಳಗೆ ರ್ಯಾಂಕ್. ಕೋಚಿಂಗ್ ಸೆಂಟರುಗಳ ಈ ಜಾಹೀರಾತನ್ನು ಅಚ್ಚು ಹಾಕುವುದರಲ್ಲಿ ಪತ್ರಿಕೆಗಳೆಲ್ಲವೂ ಪಾಲುದಾರರು, ನಾವೂ ಹೊರತಲ್ಲ. ಒಂದೆರಡು ತಿಂಗಳು ಕಳೆದು ಕಾಲೇಜು ಶುರುವಾಗುತ್ತದೆ. ಹಾಸ್ಟೆಲಿನ ಕಾರಿಡಾರಿನಲ್ಲಿ ಹೊಸ ಹುಡುಗನನ್ನು ನಿಲ್ಲಿಸಿ ಸೀನಿಯರ್ ಕೇಳುತ್ತಾನೆ: ‘ನಿನ್ನ ರ್ಯಾಂಕ್ ಎಷ್ಟು?’ ಕೇಳಿದ್ದು ಸಂಖ್ಯೆ, ತಿಳಿಯಬೇಕಾದದ್ದು ಜಾತಿ. ಉತ್ತರ ಬಂದ ಮೇಲೆ ಊಟದ ಮೇಜಿನ ಪಕ್ಕದ ಕುರ್ಚಿ ಖಾಲಿಯಾಗುತ್ತದೆ. ಗುಂಪಿನಲ್ಲಿ ಹಂಚಿಕೊಳ್ಳುವ ನೋಟ್ಸ್ ಅವನ ಕೈಗೆ ಬರುವುದಿಲ್ಲ. ‘ಕೋಟಾದವನು’ ಎಂಬ ಹೆಸರು ಅವನಿಗೆ ಡಿಗ್ರಿ ಸಿಗುವವರೆಗೂ, ಕೆಲವೊಮ್ಮೆ ಸಿಕ್ಕ ಮೇಲೂ, ಅಂಟಿಕೊಂಡೇ ಇರುತ್ತದೆ.

ಇದು ಊಹೆಯ ಮಾತಲ್ಲ. ದೆಹಲಿಯ ಏಮ್ಸ್‌ನಲ್ಲಿ ಪರಿಶಿಷ್ಟ ಜಾತಿ, ಪಂಗಡದ ವಿದ್ಯಾರ್ಥಿಗಳ ಸ್ಥಿತಿ ನೋಡಲು ಹೋದ ಸುಖದೇವ್ ಥೋರಟ್ ನೇತೃತ್ವದ ಸಮಿತಿ 2007ರಲ್ಲಿ ಕೊಟ್ಟ ವರದಿಯಲ್ಲಿ ಹಾಸ್ಟೆಲಿನ ಕಿರುಕುಳ, ಮೆಸ್ಸಿನಲ್ಲಿ ದೂರವಿಡುವುದು, ಪರೀಕ್ಷಕರ ತಾರತಮ್ಯ ಎಲ್ಲವೂ ದಾಖಲಾಗಿವೆ. ದೇಶದ ಅತಿ ಪ್ರತಿಭಾವಂತರು ಸೇರುವ ಜಾಗ ಅದು. 2012ರಲ್ಲಿ ಯುಜಿಸಿ ತಾರತಮ್ಯ ತಡೆಯುವ ನಿಯಮಾವಳಿ ತಂದಿತು. ಅದಾಗಿ ನಾಲ್ಕು ವರ್ಷಕ್ಕೆ ಹೈದರಾಬಾದ್ ವಿಶ್ವವಿದ್ಯಾಲಯದ ದಲಿತ ಸಂಶೋಧಕ, ಏಳು ವರ್ಷಕ್ಕೆ ಮುಂಬೈನಲ್ಲಿ ಸ್ತ್ರೀರೋಗ ವಿಭಾಗದಲ್ಲಿ ಓದುತ್ತಿದ್ದ ಆದಿವಾಸಿ ವೈದ್ಯೆ ಪ್ರಾಣ ಕಳೆದುಕೊಂಡರು. ನಿಯಮಾವಳಿ ಕಡತದಲ್ಲೇ ಇತ್ತು.

ನಮ್ಮನ್ನು ಕಳವಳಕ್ಕೀಡುಮಾಡಿರುವುದು ತಾರತಮ್ಯ ಇದೆ ಎಂಬುದಷ್ಟೇ ಅಲ್ಲ. ಹಿಂದೆ ತಾರತಮ್ಯ ಮಾಡುವವನಿಗೆ ಒಳಗೊಳಗೇ ಒಂದು ಅಳುಕಿತ್ತು. ಈಗ ‘ಮೆರಿಟ್’ ಎಂಬ ಒಂದು ಪದ ಆ ಅಳುಕನ್ನೂ ತೆಗೆದುಹಾಕಿದೆ. ಜಾತಿ ಹಿಡಿದು ಬೈದರೆ ಕಾನೂನು ಇದೆ, ಮೆರಿಟ್ ಇಲ್ಲ ಎಂದು ಬೈದರೆ ಚಪ್ಪಾಳೆ ಇದೆ. ಓದಿದವರ ಮನೆಯ ಊಟದ ಮಾತಿನಲ್ಲಿ, ಆಫೀಸಿನ ಕ್ಯಾಂಟೀನಿನಲ್ಲಿ, ಮಕ್ಕಳ ಎದುರಿಗೇ ಇದನ್ನು ನಿರಾತಂಕವಾಗಿ ಆಡುತ್ತೇವೆ. ಇದಕ್ಕಿಂತ ದೊಡ್ಡ ಸಾರ್ವಜನಿಕ ಕುಸಿತವನ್ನು ಈಚಿನ ವರ್ಷಗಳಲ್ಲಿ ನಾವು ಕಂಡಿಲ್ಲ.

ಏಕೆಂದರೆ ಈ ಅಳತೆಗೋಲು ಎಲ್ಲರ ಮೇಲೂ ಬೀಳುವುದಿಲ್ಲ. ದುಡ್ಡು ಕೊಟ್ಟು ಸೀಟು ಕೊಳ್ಳುವುದನ್ನು ದೇಶಕ್ಕೆ ಕಲಿಸಿಕೊಟ್ಟ ರಾಜ್ಯಗಳಲ್ಲಿ ನಮ್ಮದೂ ಒಂದು. ಕ್ಯಾಪಿಟೇಷನ್ ಶುಲ್ಕ ನಿಷೇಧಿಸುವ ಕಾಯ್ದೆಯನ್ನು ಕರ್ನಾಟಕ 1984ರಲ್ಲೇ ಮಾಡಿತು. ಆದರೂ 1992ರಲ್ಲಿ ತುಮಕೂರಿನ ಖಾಸಗಿ ವೈದ್ಯಕೀಯ ಕಾಲೇಜೊಂದರ ಶುಲ್ಕದ ವ್ಯಾಜ್ಯ ಸುಪ್ರೀಂ ಕೋರ್ಟಿನ ಮುಂದೆ ಬಂತು. ಸರ್ಕಾರಿ ಸೀಟಿಗೆ ವರ್ಷಕ್ಕೆ 2,000 ರೂಪಾಯಿ, ಅದೇ ತರಗತಿಯ ಅದೇ ಬೆಂಚಿಗೆ ಹೊರರಾಜ್ಯದವರಿಂದ 60,000 ರೂಪಾಯಿ. ಕ್ಯಾಪಿಟೇಷನ್ ಶುಲ್ಕ ಸಲ್ಲದು ಎಂದು ನ್ಯಾಯಾಲಯ ಹೇಳಿತು. ಆಮೇಲೆ ಹೆಸರುಗಳು ಬದಲಾದವು: ಮ್ಯಾನೇಜ್‌ಮೆಂಟ್ ಸೀಟು, ಎನ್‌ಆರ್‌ಐ ಸೀಟು. ಇವೂ ಕೋಟಾಗಳೇ. ಆದರೆ ಅಪ್ಪನ ಚೆಕ್ಕಿನ ಬಲದಿಂದ ವೈದ್ಯನಾದವನನ್ನು ನಾವು ‘ಕೋಟಾ ಡಾಕ್ಟರ್’ ಎಂದು ಕರೆದದ್ದುಂಟೇ? ಒಂದು ಕಣ್ಣಿಗೆ ಬೆಣ್ಣೆ, ಒಂದು ಕಣ್ಣಿಗೆ ಸುಣ್ಣ ಎಂಬ ಗಾದೆ ಇದಕ್ಕೆಂದೇ ಹುಟ್ಟಿದಂತಿದೆ.

2023ರ ಸೆಪ್ಟೆಂಬರ್ ನೆನಪಿಸಿಕೊಳ್ಳಿ. ಸ್ನಾತಕೋತ್ತರ ವೈದ್ಯಕೀಯ ಸೀಟುಗಳು ಉಳಿದುಬಿಟ್ಟವೆಂದು ನೀಟ್-ಪಿಜಿಯ ಅರ್ಹತಾ ಮಟ್ಟವನ್ನು ಎಲ್ಲ ವರ್ಗಗಳಿಗೂ ಶೂನ್ಯ ಪರ್ಸೆಂಟೈಲಿಗೆ ಇಳಿಸಲಾಯಿತು. ಪರೀಕ್ಷೆಗೆ ಕೂತವರೆಲ್ಲ ಅರ್ಹರು ಎಂದರ್ಥ. ಟೀಕೆ ಬಂತು, ಒಂದು ವಾರದಲ್ಲಿ ತಣ್ಣಗಾಯಿತು. ಆ ದಾರಿಯಲ್ಲಿ ಬಂದವರಿಗೆ ಅಂಟಿಸಲು ನಮ್ಮ ಭಾಷೆಯಲ್ಲಿ ಒಂದು ಬೈಗುಳವೂ ಹುಟ್ಟಲಿಲ್ಲ. ಅದರ ಹಿಂದಿನ ವರ್ಷವೇ ನಮ್ಮ ರಾಜ್ಯದಲ್ಲಿ 545 ಪಿಎಸ್‌ಐ ಹುದ್ದೆಗಳ ಪರೀಕ್ಷೆಯಲ್ಲಿ ಒಎಂಆರ್ ಹಾಳೆಗಳನ್ನೇ ತಿದ್ದಿದ ಹಗರಣ ಬಯಲಾಗಿ, ಇಡೀ ನೇಮಕಾತಿ ರದ್ದಾಗಿತ್ತು. ಹಿರಿಯ ಪೊಲೀಸ್ ಅಧಿಕಾರಿಯೊಬ್ಬರೇ ಬಂಧನಕ್ಕೊಳಗಾದರು. ಪ್ರತಿಭೆಗೆ ನಿಜವಾಗಿ ಕನ್ನ ಹಾಕುತ್ತಿರುವವರು ಯಾರು ಎಂಬುದಕ್ಕೆ ಇದಕ್ಕಿಂತ ಬೇರೆ ಪುರಾವೆ ಬೇಕೆ?

ಮೆರಿಟ್ ಹೆಸರಿನ ಈ ಜಗಳ ನಮ್ಮ ನೆಲದಲ್ಲಿ ಹೊಸದಲ್ಲ. ಬ್ರಾಹ್ಮಣೇತರರ ಸಂಘಟನೆಯಾದ ಪ್ರಜಾಮಿತ್ರ ಮಂಡಳಿಯ ಬೇಡಿಕೆಯ ಮೇಲೆ ನಾಲ್ವಡಿ ಕೃಷ್ಣರಾಜ ಒಡೆಯರು 1918ರಲ್ಲಿ ನ್ಯಾಯಮೂರ್ತಿ ಲೆಸ್ಲಿ ಮಿಲ್ಲರ್ ಸಮಿತಿಯನ್ನು ನೇಮಿಸಿದರು. ಏಳು ವರ್ಷದೊಳಗೆ ಮೇಲಿನ ಹುದ್ದೆಗಳಲ್ಲಿ ಅರ್ಧ, ಕೆಳಗಿನವುಗಳಲ್ಲಿ ಮೂರನೇ ಎರಡು ಭಾಗ ಹಿಂದುಳಿದ ಸಮುದಾಯಗಳಿಗೆ ಸಿಗಬೇಕು ಎಂದು ಸಮಿತಿ ಹೇಳಿತು. ದಿವಾನ್ ವಿಶ್ವೇಶ್ವರಯ್ಯನವರಿಗೆ ಈ ನೀತಿ ಒಪ್ಪಿಗೆಯಾಗಲಿಲ್ಲ, ಆಡಳಿತದ ದಕ್ಷತೆ ಕುಗ್ಗೀತು ಎಂಬ ಆತಂಕ ಅವರದು. ಅವರ ಪ್ರಾಮಾಣಿಕತೆಯನ್ನು ಯಾರೂ ಶಂಕಿಸಲಾರರು. ಆದರೆ ಆ ನಂತರದ ಮೈಸೂರು ಕುಸಿದು ಬೀಳಲಿಲ್ಲ, ಮಾದರಿ ಸಂಸ್ಥಾನವೆಂಬ ಹೆಸರನ್ನು ಉಳಿಸಿಕೊಂಡೇ ನಡೆಯಿತು.

ಹೆಣ್ಣುಮಕ್ಕಳ ವಿಚಾರದಲ್ಲಂತೂ ರ್ಯಾಂಕ್ ಇದ್ದರೂ ಬಾಗಿಲು ತೆರೆಯಲಿಲ್ಲ. 1933ರಲ್ಲಿ ಕಮಲಾ ಭಾಗವತ್ ಎಂಬ ಯುವತಿ ಬೊಂಬಾಯಿ ವಿಶ್ವವಿದ್ಯಾಲಯದ ಬಿಎಸ್ಸಿಯಲ್ಲಿ ಮೊದಲಿಗಳಾಗಿ ಬೆಂಗಳೂರಿನ ಟಾಟಾ ಇನ್‌ಸ್ಟಿಟ್ಯೂಟಿಗೆ ಅರ್ಜಿ ಹಾಕಿದಳು. ಅವಳ ತಂದೆ, ಚಿಕ್ಕಪ್ಪ ಇಬ್ಬರೂ ಅಲ್ಲೇ ಓದಿದವರು. ಅರ್ಜಿ ತಿರಸ್ಕೃತವಾಯಿತು. ನಿರ್ದೇಶಕರಾಗಿದ್ದವರು ನೊಬೆಲ್ ಪಡೆದಿದ್ದ ಸಿ.ವಿ. ರಾಮನ್. ಹೆಣ್ಣು ಎಂಬುದನ್ನು ಬಿಟ್ಟರೆ ಬೇರೆ ಕಾರಣವಿರಲಿಲ್ಲ. ಅವಳು ಹಿಂದಿರುಗಲಿಲ್ಲ, ಹಟ ಹಿಡಿದು ಕೂತಳು. ಕೊನೆಗೆ ಷರತ್ತಿನ ಮೇಲೆ ಒಳಗೆ ಬಿಟ್ಟರು: ಮೊದಲ ವರ್ಷ ಅವಳನ್ನು ಪೂರ್ಣ ವಿದ್ಯಾರ್ಥಿಯೆಂದು ಪರಿಗಣಿಸುವುದಿಲ್ಲ, ಮಾರ್ಗದರ್ಶಕರು ಹೇಳಿದರೆ ಸರಿರಾತ್ರಿಯವರೆಗೂ ದುಡಿಯಬೇಕು, ಪ್ರಯೋಗಾಲಯದ ‘ವಾತಾವರಣ’ ಕೆಡಿಸಬಾರದು. ಹಾಲು, ಬೇಳೆಕಾಳುಗಳ ಪ್ರೋಟೀನಿನ ಮೇಲೆ ಅವಳು ಕೆಲಸ ಮಾಡಿದಳು. ಆ ಒಂದು ವರ್ಷ ಬೇರೆ ಯಾರೂ ಕೊಡಬೇಕಿಲ್ಲದ ಪರೀಕ್ಷೆಯನ್ನು ದಿನದಿನವೂ ಕೊಟ್ಟು ಗೆದ್ದಳು. 1939ರಲ್ಲಿ ಕೇಂಬ್ರಿಜ್ ಅವಳಿಗೆ ಪಿಎಚ್‌ಡಿ ನೀಡಿತು. ಮುಂದೆ ಕಮಲಾ ಸೊಹೊನಿ ಎಂದು ದೇಶ ಗುರುತಿಸಿದ್ದು ಅವಳನ್ನೇ. ರಾಮನ್ ಕೂಡ ಮನಸ್ಸು ಬದಲಿಸಿ ಹೆಣ್ಣುಮಕ್ಕಳಿಗೆ ಬಾಗಿಲು ತೆರೆದರು. ಬೆಳಕಿನ ಗುಟ್ಟನ್ನೇ ಬಿಡಿಸಿದ ಕಣ್ಣಿಗೆ ಎದುರು ನಿಂತ ಹುಡುಗಿಯ ಯೋಗ್ಯತೆ ಮೊದಲಿಗೆ ಕಾಣಲಿಲ್ಲ ಎಂದಮೇಲೆ, ನಮ್ಮ ಸಂದರ್ಶನ ಸಮಿತಿಗಳ ಕಣ್ಣನ್ನು ನಂಬಿ ಕೂರುವುದು ಹೇಗೆ?

ಇಂದು ಷರತ್ತುಗಳನ್ನು ಕಾಗದದ ಮೇಲೆ ಬರೆಯುವುದಿಲ್ಲ. ‘ಮದುವೆ ಯಾವಾಗ?’ ಎಂದು ಸಂದರ್ಶನದಲ್ಲಿ ಕೇಳುತ್ತಾರೆ, ಅಷ್ಟೇ. 1950ರಲ್ಲಿ ಶುರುವಾದ ಸುಪ್ರೀಂ ಕೋರ್ಟಿಗೆ ಮೊದಲ ಮಹಿಳಾ ನ್ಯಾಯಮೂರ್ತಿ ಬಂದದ್ದು 1989ರಲ್ಲಿ. ಮೂವತ್ತೊಂಬತ್ತು ವರ್ಷ ಈ ದೇಶದಲ್ಲಿ ಒಬ್ಬಳೂ ಯೋಗ್ಯಳಿರಲಿಲ್ಲ ಎಂದು ನಂಬುವವರು ಕೈ ಎತ್ತಲಿ.

ನೀಟ್ ಮೀಸಲಾತಿಯ ಪ್ರಕರಣದಲ್ಲಿ 2022ರ ಜನವರಿಯಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ: ಪರೀಕ್ಷೆಯ ಅಂಕವೊಂದೇ ಪ್ರತಿಭೆಯಲ್ಲ, ಅಂಕದ ಹಿಂದೆ ಕುಟುಂಬದ ಶಾಲೆ, ಹಣ, ಪರಂಪರೆಯಿಂದ ಬಂದ ಅನುಕೂಲಗಳೂ ಇವೆ. ತೋಟದ ಕೂಲಿ ಮುಗಿಸಿ ಬಂದ ಅಮ್ಮನ ಮಗಳು ಕನ್ನಡ ಮಾಧ್ಯಮದಲ್ಲಿ ಓದಿ ತಂದ ಅಂಕವೂ, ಎರಡು ವರ್ಷ ಲಕ್ಷಾಂತರ ಸುರಿದು ಕೋಚಿಂಗ್ ಪಡೆದವನ ಅಂಕವೂ ಒಂದೇ ಸಂಖ್ಯೆಯಾಗಿ ಕಾಣಬಹುದು. ಅವರು ನಡೆದ ದೂರ ಒಂದೇ ಅಲ್ಲ.

ಸರ್ಕಾರವನ್ನು ನಾವು ಕೇಳುವುದು ಎರಡೇ. ಪ್ರತಿ ವೃತ್ತಿಶಿಕ್ಷಣ ಕಾಲೇಜು ಯಾವ ದಾರಿಯ ಸೀಟಿಗೆ ಎಷ್ಟು ಅಂಕ, ಎಷ್ಟು ಶುಲ್ಕ ಎಂಬ ಪಟ್ಟಿಯನ್ನು, ಮ್ಯಾನೇಜ್‌ಮೆಂಟ್ ಮತ್ತು ಎನ್‌ಆರ್‌ಐ ಸೀಟುಗಳನ್ನೂ ಸೇರಿಸಿ, ವರ್ಷ ವರ್ಷವೂ ಪ್ರಕಟಿಸಲಿ. ತಾರತಮ್ಯದ ದೂರು ಕೇಳುವ ಸಮಿತಿಯಲ್ಲಿ ಆ ಕಾಲೇಜಿಗೆ ಸಂಬಂಧಪಡದ ಒಬ್ಬರಾದರೂ ಇರಲಿ. ಓದುಗರಲ್ಲಿ ಒಂದು ವಿನಂತಿ: ಮಕ್ಕಳ ಮುಂದೆ ‘ಕೋಟಾ’ ಎಂಬ ಪದವನ್ನು ಬೈಗುಳವಾಗಿ ಆಡಬೇಡಿ. ನಾಳೆ ಹಾಸ್ಟೆಲಿನ ಕಾರಿಡಾರಿನಲ್ಲಿ ನಿಂತು ಕೇಳುವ ಆ ಸೀನಿಯರ್ ನಮ್ಮ ನಿಮ್ಮ ಮನೆಯಲ್ಲೇ ಬೆಳೆಯುತ್ತಿದ್ದಾನೆ.

ಬೆಂಗಳೂರಿನ ರಾಮನ್ ಸಂಶೋಧನಾ ಸಂಸ್ಥೆಯ ಗ್ರಂಥಾಲಯದಲ್ಲಿ ಅಣ್ಣಾ ಮಣಿಯವರ ಪ್ರಬಂಧವಿದೆ. ವಜ್ರ, ಮಾಣಿಕ್ಯಗಳ ಬೆಳಕಿನ ಮೇಲೆ ದುಡಿದು, ಐದು ಲೇಖನ ಪ್ರಕಟಿಸಿ, 1945ರಲ್ಲಿ ಮದರಾಸು ವಿಶ್ವವಿದ್ಯಾಲಯಕ್ಕೆ ಅವರು ಸಲ್ಲಿಸಿದ್ದು. ಎಂಎಸ್ಸಿ ಇಲ್ಲವೆಂದು ಡಾಕ್ಟರೇಟ್ ಕೊಡಲಿಲ್ಲ. ದೇಶದ ಹವಾಮಾನ ಉಪಕರಣಗಳನ್ನು ಕಟ್ಟಿಕೊಟ್ಟ ಆ ವಿಜ್ಞಾನಿ 2001ರಲ್ಲಿ ತೀರಿಕೊಂಡರು. ಪದವಿ ಕೊನೆಗೂ ಬರಲಿಲ್ಲ.