ಅಣಕು, ತಾಲೀಮು, ಮುಂಬೈ ಕಡಲು

ಕರಾವಳಿಯ ಸುದ್ದಿಪುಟಗಳಲ್ಲಿ ಆಗಾಗ ಮರುಕಳಿಸುವ ಒಂದು ವರದಿಯಿದೆ. ಕಡಲಿನ ಕಡೆಯಿಂದ ದೋಣಿಯಲ್ಲಿ ಬಂದ ನಾಲ್ಕಾರು ಮಂದಿ ‘ಉಗ್ರ’ರನ್ನು ಪೊಲೀಸರು ಹಿಡಿದರು, ಅವರ ಚೀಲದಲ್ಲಿದ್ದ ‘ಬಾಂಬ್’ ವಶವಾಯಿತು, ಜನ ಗಾಬರಿಗೊಂಡರು, ಆಮೇಲೆ ಇದು ‘ಸಾಗರ ಕವಚ’ ಹೆಸರಿನ ಅಣಕು ಕಾರ್ಯಾಚರಣೆ ಎಂದು ತಿಳಿದು ನಿಟ್ಟುಸಿರು ಬಿಟ್ಟರು. ಊರಿನ ಹೆಸರು ಮಲ್ಪೆ, ಕಾರವಾರ, ಅಲಿಬಾಗ್, ವರ್ಸೋವಾ ಎಂದು ಬದಲಾಗುತ್ತದೆ. ಉಳಿದದ್ದೆಲ್ಲ ಹಾಗೆಯೇ ಇರುತ್ತದೆ. ಹಿಡಿಯುವವರು ಹಿಡಿಯುತ್ತಾರೆ, ಸಿಕ್ಕಿಬೀಳುವವರು ಸಿಕ್ಕಿಬೀಳುತ್ತಾರೆ.

‘ಅಣಕು’ ಎಂಬ ಪದವನ್ನು ಮೊದಲು ಹೀಗೆ ಬಳಸಿದವರು ಇಂಗ್ಲಿಷಿನ ‘ಮಾಕ್’ ಪದವನ್ನು ಅಕ್ಷರಶಃ ಎಳೆದು ತಂದಿರಬೇಕು. ಅಣಕು ಸಂಸತ್ತು, ಅಣಕು ನ್ಯಾಯಾಲಯ, ಅಣಕು ಮತದಾನ, ಪ್ರತಿಭಟನೆಗಳಲ್ಲಿ ಅಣಕು ಶವಯಾತ್ರೆ. ಕನ್ನಡದ ಕಿವಿಗೆ ಅಣಕಿಸುವುದೆಂದರೆ ಮೂತಿ ತಿರುವಿ ಹಂಗಿಸುವುದು. ಅಣಕವಾಡು ಎಂದರೆ ನಗಿಸುವ ಹಾಡು. ಒಂದು ನಗರದ ಸಾವುಬದುಕಿನ ಸಿದ್ಧತೆಗೆ ಈ ಪದ ಅಂಟಿಕೊಂಡದ್ದು ಆಕಸ್ಮಿಕ. ಆದರೆ ಕೆಲವು ಆಕಸ್ಮಿಕಗಳು ನಿಘಂಟಿಗಿಂತ ನಿಜ ಹೇಳುತ್ತವೆ. ಮುಂಬೈಯ ಮರಾಠಿಯಲ್ಲಿ ನಾಟಕ ತೆರೆ ಕಾಣುವ ಮೊದಲಿನ ಕೊನೆಯ ಪೂರ್ವಾಭ್ಯಾಸಕ್ಕೆ ‘ರಂಗೀತ್ ತಾಲೀಮ್’ ಎನ್ನುತ್ತಾರೆ. ಅಲ್ಲಿ ತಾಲೀಮ್ ಎಂದರೆ ಗರಡಿಮನೆ ಕೂಡ ಹೌದು. ಕಲಿಸುವುದು ಎಂಬರ್ಥದ ಅರಬ್ಬಿ ಪದ ಪಾರಸಿ, ದಖನಿಗಳನ್ನು ದಾಟಿ ಕನ್ನಡಕ್ಕೂ ತಾಲೀಮು ಆಗಿ ಬಂದಿದೆ. ಗರಡಿಯಲ್ಲಿ ಎದುರಿಗೆ ನಿಲ್ಲುವ ಜೋಡಿ ಬೀಳಲೆಂದು ಬಂದವನಲ್ಲ, ಬೀಳಿಸಲು ಬಂದವನು. ಹೊಸಬ ಮಣ್ಣು ಮುಕ್ಕುತ್ತಾನೆ, ಎಲ್ಲಿ ಕಾಲು ಸಡಿಲವಾಯಿತೆಂದು ಉಸ್ತಾದ ತೋರಿಸುತ್ತಾನೆ, ಮತ್ತೆ ಪಟ್ಟು ಹಾಕಬೇಕು. ಮುಂಬೈಯ ಕಡಲಂಚಿನಲ್ಲಿ ನಡೆಯುತ್ತಿರುವುದು ಇದೋ, ಮೇಲಿನದೋ?

ಆ ನಗರಕ್ಕೆ ಈ ಪ್ರಶ್ನೆ ಬರಿಯ ಪದಚರ್ಚೆಯಲ್ಲ. 1993ರಲ್ಲಿ ಸ್ಫೋಟಕ ಬಂದದ್ದು ಕಡಲಿನಿಂದ. ರಾಯಗಡ ಜಿಲ್ಲೆಯ ಶೇಖಾಡಿಯಲ್ಲಿ ಇಳಿಸಿದ ಆರ್‌ಡಿಎಕ್ಸ್ ಮಾರ್ಚ್ 12ರಂದು 257 ಜೀವ ತೆಗೆಯಿತು. ಅದೇ ವರ್ಷ ನೌಕಾಪಡೆ, ಕರಾವಳಿ ಕಾವಲು ಪಡೆ, ಪೊಲೀಸರು ಸೇರಿದ ‘ಆಪರೇಷನ್ ಸ್ವಾನ್’ ಎಂಬ ಜಂಟಿ ಗಸ್ತು ಶುರುವಾಯಿತು. ಹದಿನೈದು ವರ್ಷಗಳ ನಂತರ, 2008ರ ನವೆಂಬರ್ 26ರ ರಾತ್ರಿ, ಪೋರಬಂದರಿನ ‘ಕುಬೇರ್’ ಎಂಬ ಮೀನುಗಾರಿಕಾ ದೋಣಿಯನ್ನು ಅಪಹರಿಸಿ ಬಂದ ಹತ್ತು ಮಂದಿ ಕಫ್ ಪರೇಡಿನ ಬಧ್ವಾರ್ ಪಾರ್ಕ್ ಬಳಿಯ ಮೀನುಗಾರರ ಕೇರಿಯಲ್ಲಿ ರಬ್ಬರ್ ದೋಣಿಯಿಂದ ಇಳಿದರು. ಅವರನ್ನು ಮೊದಲು ನೋಡಿದ್ದು, ಯಾರು ನೀವು ಎಂದು ಕೇಳಿದ್ದು ಯಾವ ರಾಡಾರೂ ಅಲ್ಲ, ಆ ಕೇರಿಯ ಜನ. ಮುಂದಿನ ಅರವತ್ತು ಗಂಟೆಗಳಲ್ಲಿ 166 ಮಂದಿ ಸತ್ತರು. ಬೆಂಗಳೂರಿನ ಮೇಜರ್ ಸಂದೀಪ್ ಉನ್ನಿಕೃಷ್ಣನ್ ತಾಜ್ ಹೋಟೆಲಿನೊಳಗೆ ಪ್ರಾಣ ಬಿಟ್ಟರು. ಅವರ ಎನ್‌ಎಸ್‌ಜಿ ತುಕಡಿ ಮಾನೇಸರದಿಂದ ಹೊರಟು ಮುಂಬೈ ತಲುಪುವಷ್ಟರಲ್ಲಿ ಬೆಳಗಾಗಿತ್ತು.

ಆಮೇಲೆ ರಾಮ್ ಪ್ರಧಾನ್ ಸಮಿತಿ ಕುಳಿತಿತು. ನಿವೃತ್ತ ಅಧಿಕಾರಿಗಳಾದ ಆರ್. ಡಿ. ಪ್ರಧಾನ್, ವಿ. ಬಾಲಚಂದ್ರನ್ ಇಬ್ಬರೇ ಸದಸ್ಯರು. ಅವರ ವರದಿಯಲ್ಲಿ ಎದ್ದು ಕಾಣುವುದು ಹೊಸ ಕಾನೂನಿನ ಬೇಡಿಕೆಗಿಂತ ಹೆಚ್ಚಾಗಿ ಅಭ್ಯಾಸದ ಅಭಾವ. ತುರ್ತು ಸಂದರ್ಭಕ್ಕೆಂದು ಬರೆದಿಟ್ಟ ಕಾರ್ಯವಿಧಾನಗಳಿದ್ದವು, ಪಾಲನೆಯಾಗಲಿಲ್ಲ. ತ್ವರಿತ ಪ್ರತಿಕ್ರಿಯಾ ದಳವಿತ್ತು, ಗುಂಡು ಹಾರಿಸಿ ಅಭ್ಯಾಸ ಮಾಡಲು ಬೇಕಾದಷ್ಟು ಮದ್ದುಗುಂಡು ಅದಕ್ಕೆ ಸಿಗುತ್ತಿರಲಿಲ್ಲ. ಕಾಗದದ ಮೇಲೆ ನಗರ ಸಿದ್ಧವಾಗಿತ್ತು.

ಎದುರಾಳಿ ಮಾತ್ರ ತನ್ನ ತಾಲೀಮು ಮುಗಿಸಿದ್ದ. ಡೇವಿಡ್ ಹೆಡ್ಲಿ 2010ರಲ್ಲಿ ಅಮೆರಿಕದ ನ್ಯಾಯಾಲಯದಲ್ಲಿ ತಪ್ಪೊಪ್ಪಿಕೊಂಡಾಗ ಹೊರಬಂದ ವಿವರಗಳನ್ನು ಈಗ ಓದಿದರೂ ಮೈ ನಡುಗುತ್ತದೆ. ಮುಂಬೈಗೆ ಮತ್ತೆ ಮತ್ತೆ ಬಂದು ತಾಣಗಳನ್ನು ವಿಡಿಯೊ ಮಾಡಿಕೊಂಡಿದ್ದು, 2008ರ ಏಪ್ರಿಲ್‌ನಲ್ಲಿ ಬಂದರಿನ ನೀರಿನಲ್ಲಿ ದೋಣಿ ವಿಹಾರ ಮಾಡುತ್ತ ಇಳಿಯಬಹುದಾದ ಜಾಗಗಳನ್ನು ಜಿಪಿಎಸ್‌ನಲ್ಲಿ ಗುರುತಿಸಿಕೊಂಡಿದ್ದು. ಸೇನಾ ಪರಿಭಾಷೆಯಲ್ಲಿ ಇದಕ್ಕೆ ಮಾದರಿ ಕಟ್ಟುವುದು ಎನ್ನುತ್ತಾರೆ. ನೆಲದ ಮಾದರಿ, ಸಮಯದ ಮಾದರಿ, ಎದುರಾಳಿ ಏನು ಮಾಡಬಹುದೆಂಬುದರ ಮಾದರಿ. ಹತ್ತು ಯುವಕರು ಎಂದೂ ಕಾಣದ ನಗರದಲ್ಲಿ ದಾರಿ ತಪ್ಪದಿದ್ದದ್ದು ಅದರಿಂದ.

ಯುದ್ಧವನ್ನು ಮೇಜಿನ ಮೇಲೆ ಆಡಿ ನೋಡುವ ಪದ್ಧತಿ ಹಳೆಯದು. ಪ್ರಷ್ಯದ ರೈಸ್‌ವಿಟ್ಜ್ ತಂದೆ ಮತ್ತು ಮಗ 19ನೇ ಶತಮಾನದ ಆರಂಭದಲ್ಲಿ ರೂಪಿಸಿದ ‘ಕ್ರೀಗ್‌ಶ್ಪೀಲ್’ನಲ್ಲಿ ನಕ್ಷೆ, ತುಕಡಿಗಳ ಕಾಯಿಗಳು, ದಾಳಗಳಿದ್ದವು. ಚದುರಂಗದಲ್ಲಿಲ್ಲದ ಎರಡು ಸಂಗತಿ ಅಲ್ಲಿತ್ತು. ಒಂದು, ಎದುರಾಳಿಯ ಕಾಯಿಗಳು ಎಲ್ಲಿವೆಯೆಂದು ಪೂರ್ತಿ ಕಾಣುತ್ತಿರಲಿಲ್ಲ. ಎರಡು, ಇಬ್ಬರಿಗೂ ಸೇರದ ಒಬ್ಬ ತೀರ್ಪುಗಾರ ನಡುವೆ ಕೂರುತ್ತಿದ್ದ. ಇಂದಿನ ಕಂಪ್ಯೂಟರ್ ಅನುಕರಣೆಗಳು ಎಷ್ಟೇ ದೊಡ್ಡದಾದರೂ ಬೆನ್ನುಮೂಳೆ ಇವೆರಡೇ. ದೆಹಲಿಯಲ್ಲಿ ಭಾರತೀಯ ಸೇನೆಯ ಯುದ್ಧಕ್ರೀಡಾ ಸಂಶೋಧನೆ ಮತ್ತು ಅಭಿವೃದ್ಧಿ ಕೇಂದ್ರವಿದೆ. ಕೃತಕ ಬುದ್ಧಿಮತ್ತೆ ಬಳಸುವ ಹೊಸ ಕೇಂದ್ರಕ್ಕೆ 2022ರಲ್ಲಿ ಒಪ್ಪಂದವೂ ಆಯಿತು. ಯಂತ್ರ ಎಷ್ಟು ಚುರುಕು ಎಂಬ ಲೆಕ್ಕ ಆಮೇಲಿನದು. ಎದುರಾಳಿಗೆ ನಿಜವಾಗಿ ಗೆಲ್ಲುವ ಅವಕಾಶ ಇದೆಯೆ, ಗೆದ್ದರೆ ತೀರ್ಪುಗಾರ ಅದನ್ನು ಒಪ್ಪುತ್ತಾನೆಯೆ ಎಂದು ಮೊದಲು ಕೇಳಬೇಕು.

ಒಪ್ಪದಿದ್ದಾಗ ಏನಾಗುತ್ತದೆಂಬುದಕ್ಕೆ ಅತ್ಯಂತ ದುಬಾರಿ ಉದಾಹರಣೆ ಅಮೆರಿಕದ್ದು. 2002ರ ಬೇಸಿಗೆಯಲ್ಲಿ ಸುಮಾರು 25 ಕೋಟಿ ಡಾಲರ್ ಖರ್ಚಿನಲ್ಲಿ ನಡೆದ ‘ಮಿಲೆನಿಯಂ ಚಾಲೆಂಜ್’ ಎಂಬ ಸಮರಾಭ್ಯಾಸದಲ್ಲಿ ಶತ್ರುಪಡೆಯ ನಾಯಕನ ಪಾತ್ರ ನಿವೃತ್ತ ಮರೀನ್ ಜನರಲ್ ಪಾಲ್ ವಾನ್ ರೈಪರ್‌ಗೆ ಸಿಕ್ಕಿತು. ರೇಡಿಯೊ ಬಳಸಿದರೆ ಕದ್ದು ಕೇಳುತ್ತಾರೆಂದು ಆತ ಮೋಟಾರ್‌ಸೈಕಲ್ಲಿನಲ್ಲಿ ಸಂದೇಶ ಕಳಿಸಿದರು. ಸಣ್ಣ ದೋಣಿಗಳ ಗುಂಪು ಮತ್ತು ಕ್ಷಿಪಣಿಗಳಿಂದ ಒಂದೇ ಏಟಿಗೆ 16 ಯುದ್ಧನೌಕೆಗಳನ್ನು ‘ಮುಳುಗಿಸಿದರು’. ಆಟ ನಿಂತಿತು. ಮುಳುಗಿದ ನೌಕೆಗಳನ್ನು ಮೇಲೆತ್ತಲಾಯಿತು. ಶತ್ರು ತನ್ನ ರಾಡಾರ್‌ಗಳನ್ನು ಚಾಲೂ ಇಟ್ಟು ಸುಲಭ ಗುರಿಯಾಗಬೇಕು ಎಂಬಂಥ ನಿಯಮಗಳು ಬಂದವು. ವಾನ್ ರೈಪರ್ ಪಾತ್ರ ಬಿಟ್ಟು ಹೊರನಡೆದರು, ಆಮೇಲೆ ಬಾಯಿಬಿಟ್ಟರು. ಇಲ್ಲದಿದ್ದರೆ ಅಮೆರಿಕದ ಪಡೆ ಗೆದ್ದಿತೆಂಬ ವರದಿಯಷ್ಟೇ ಉಳಿಯುತ್ತಿತ್ತು. ಸಣ್ಣ ದೋಣಿ ಎಂಬ ಮಾತು ಮುಂಬೈಯ ಓದುಗರಿಗೆ ಚುಚ್ಚದೆ ಇರದು.

2008ರ ನಂತರ ನಗರದಲ್ಲಿ ಏನೂ ಆಗಲಿಲ್ಲ ಎನ್ನುವುದು ಅನ್ಯಾಯ. ಮರುವರ್ಷವೇ ಎನ್‌ಎಸ್‌ಜಿಯ ನೆಲೆ ಮುಂಬೈಗೆ ಬಂತು, ಮಹಾರಾಷ್ಟ್ರ ಸರ್ಕಾರ ‘ಫೋರ್ಸ್ ಒನ್’ ಕಟ್ಟಿತು. ಗೋರೆಗಾಂವಿನ ಆರೆ ಕಾಲನಿಯಲ್ಲಿ ಅದರ ನೆಲೆ. ಕರಾವಳಿಯ ಹೊಣೆ ನೌಕಾಪಡೆಗೆ ಬಂತು. ಸಾಗರ ಕವಚ ನಿಯಮಿತವಾಯಿತು. ಅಷ್ಟಾದ ಮೇಲೆ 2011ರ ಜುಲೈ 31ರ ಬೆಳಿಗ್ಗೆ ಜುಹು ಕಡಲತೀರಕ್ಕೆ ವಾಯುಸೇವನೆಗೆ ಬಂದವರ ಎದುರು ಸಾವಿರ ಟನ್ನಿನ ತೈಲ ಹಡಗೊಂದು ಮರಳಿನ ಮೇಲೆ ಕೂತಿತ್ತು. ‘ಪವಿತ್’ ಎಂಬ ಆ ಹಡಗನ್ನು ಅದರ ಸಿಬ್ಬಂದಿ ಒಮಾನ್ ಬಳಿ ತೊರೆದು ಒಂದು ತಿಂಗಳಾಗಿತ್ತು. ಚುಕ್ಕಾಣಿ ಹಿಡಿಯುವವರಿಲ್ಲದೆ, ಎಂಜಿನ್ನಿನ ಸದ್ದಿಲ್ಲದೆ, ಗಾಳಿ ಮತ್ತು ಅಲೆ ತಳ್ಳಿದತ್ತ ತೇಲಿ ಅರಬ್ಬಿ ಸಮುದ್ರ ದಾಟಿ, ನೌಕಾಪಡೆಯ ಪಶ್ಚಿಮ ಕಮಾಂಡಿನ ಕೇಂದ್ರವಿರುವ ಊರಿನ ಮಡಿಲಿಗೆ ಅದು ಬಂದಿತ್ತು. ಅದಕ್ಕೂ ಮುನ್ನ ಜೂನ್‌ನಲ್ಲಿ, ಗುಜರಾತಿನ ಅಲಂಗಿಗೆ ಒಡೆಯಲು ಎಳೆದೊಯ್ಯುತ್ತಿದ್ದ ‘ವಿಸ್ಡಂ’ ಎಂಬ ಹಡಗು ಹಗ್ಗ ಕಡಿದುಕೊಂಡು ಅದೇ ಜುಹುವಿಗೆ ಬಂದು ನಿಂತಿತ್ತು. ಮಳೆಗಾಲದ ಕಡಲು, ರಾಡಾರ್ ಸರಪಳಿ ಇನ್ನೂ ಪೂರ್ತಿಯಾಗಿರಲಿಲ್ಲ ಎಂಬ ಸಮಜಾಯಿಷಿಗಳಿಗೆ ಅರ್ಥವಿದೆ. ಆದರೂ ಯಾವ ಕವಚದ ಕಥಾಹಂದರದಲ್ಲೂ ಯಾರೂ ಬರೆಯದ ಪಾತ್ರ ಈ ಹಡಗು: ಖಾಲಿ, ಮೌನ, ಉದ್ದೇಶವೇ ಇಲ್ಲದ್ದು. ಉಸ್ತಾದನಿಲ್ಲದ ಗರಡಿಗೆ ಕಡಲೇ ಉಸ್ತಾದನಾಗಿ ಬಂದು ಪಟ್ಟು ಹಾಕಿ ತೋರಿಸಿತು.

ಕನ್ನಡ ಕರಾವಳಿಗೆ ಇನ್ನೂ ಹತ್ತಿರದ, ಇನ್ನೂ ನೋವಿನ ಉದಾಹರಣೆಯಿದೆ. 2018ರ ಡಿಸೆಂಬರ್ 13ರಂದು ಮಲ್ಪೆಯಿಂದ ಹೊರಟ ‘ಸುವರ್ಣ ತ್ರಿಭುಜ’ ದೋಣಿ ಏಳು ಮಂದಿ ಮೀನುಗಾರರ ಸಮೇತ ಮಹಾರಾಷ್ಟ್ರದ ಕಡಲಿನಲ್ಲಿ ಕಾಣೆಯಾಯಿತು. ಮನೆಯವರು ಬಾಗಿಲು ಬಾಗಿಲು ತಟ್ಟುತ್ತಿದ್ದ ಆ ದಿನಗಳಲ್ಲೇ, 2019ರ ಜನವರಿ 22 ಮತ್ತು 23ರಂದು, ‘ಸೀ ವಿಜಿಲ್’ ಎಂಬ ಅಭ್ಯಾಸದ ಮೊದಲ ಆವೃತ್ತಿ 7,516 ಕಿಲೋಮೀಟರ್ ಉದ್ದದ ಇಡೀ ಕರಾವಳಿಯಲ್ಲಿ, 13 ರಾಜ್ಯ ಮತ್ತು ಕೇಂದ್ರಾಡಳಿತ ಪ್ರದೇಶಗಳಲ್ಲಿ ಏಕಕಾಲಕ್ಕೆ ನಡೆಯಿತು. ಸುವರ್ಣ ತ್ರಿಭುಜದ ಅವಶೇಷ ಮಾಲ್ವಣದ ಆಚೆ ಸಿಕ್ಕಿದ್ದು ಮೇ ತಿಂಗಳ ಆರಂಭದಲ್ಲಿ. ಪತ್ತೆ ಮಾಡಿದ್ದು ನೌಕಾಪಡೆಯ ‘ನಿರೀಕ್ಷಕ್’ ಹಡಗು. ಆ ಕೆಲಸದ ಶ್ರಮವನ್ನು ಅಲ್ಲಗಳೆಯಬೇಕಿಲ್ಲ. ಮುಳುಗಿದ ದೋಣಿ ಹುಡುಕುವುದೂ ನುಸುಳುವ ದೋಣಿ ತಡೆಯುವುದೂ ಬೇರೆ ಬೇರೆ ಕೆಲಸ ಎಂಬುದೂ ಸರಿಯೆ. ಆದರೆ ಯಾವ ದೋಣಿ ಎಲ್ಲಿದೆ, ಯಾವುದು ಮರಳಬೇಕಿತ್ತು, ಯಾವುದು ಮರಳಲಿಲ್ಲ ಎಂಬ ಲೆಕ್ಕ ಎರಡಕ್ಕೂ ಒಂದೇ. ಕುಬೇರ್ ಕೂಡ ಒಂದು ಬಂದರಿಗೆ ಮರಳದ ದೋಣಿಯೇ ಆಗಿತ್ತು.

ಶತ್ರುವಿನ ಪಾತ್ರ ಯಾರದು ಎಂಬುದಕ್ಕೆ ಬರೋಣ, ಏಕೆಂದರೆ ಅಣಕು ಅತಿ ಬೇಗ ಬೆತ್ತಲಾಗುವುದು ಅಲ್ಲಿ. ಯುದ್ಧಕ್ರೀಡೆಯಲ್ಲಿ ಎರಡು ಪಕ್ಷಗಳನ್ನು ಬಣ್ಣದಿಂದ ಕರೆಯುತ್ತಾರೆ, ಕೆಂಪು ಮತ್ತು ನೀಲಿ. ಬಣ್ಣಕ್ಕೆ ಜಾತಿಯಿಲ್ಲ ಎಂಬುದೇ ಅದರ ಅನುಕೂಲ. 2014ರ ಕೊನೆಯ ದಿನ ಸೂರತ್‌ನ ಪೊಲೀಸ್ ಅಣಕು ಪ್ರದರ್ಶನದಲ್ಲಿ ‘ಉಗ್ರರು’ ಮುಸ್ಲಿಮರ ಟೋಪಿ ತೊಟ್ಟು ಬಂದರು. ಟೀಕೆ ಬಂದಾಗ ಅಂದಿನ ಮುಖ್ಯಮಂತ್ರಿ ಆನಂದಿಬೆನ್ ಪಟೇಲ್ ಅದು ತಪ್ಪೆಂದು ಒಪ್ಪಿಕೊಂಡರು. ಎಂಟು ವರ್ಷದ ನಂತರ ಅಹ್ಮದ್‌ನಗರ, ಚಂದ್ರಪುರ, ಧುಳೆಗಳ ಪ್ರದರ್ಶನಗಳ ಬಗ್ಗೆ ಅದೇ ದೂರು ಬಾಂಬೆ ಹೈಕೋರ್ಟಿನ ಔರಂಗಾಬಾದ್ ಪೀಠದ ಮೆಟ್ಟಿಲೇರಿತು. 2023ರ ಫೆಬ್ರುವರಿಯಲ್ಲಿ ಪೀಠ ಮಧ್ಯಂತರ ಆದೇಶ ನೀಡಿ, ಉಗ್ರನನ್ನು ಒಂದು ನಿರ್ದಿಷ್ಟ ಸಮುದಾಯದವನೆಂದು ತೋರಿಸುವಂಥ ಅಣಕು ಪ್ರದರ್ಶನ ಮಾಡದಂತೆ ತಡೆಯಿತು. ಇಂಥ ಅಭ್ಯಾಸಗಳಿಗೆ ಮಾರ್ಗಸೂಚಿ ಏನಿದೆ ಎಂದೂ ಕೇಳಿತು. ಇದನ್ನು ಸಮುದಾಯವೊಂದರ ಮನಸ್ಸಿಗೆ ಆದ ನೋವಿನ ಪ್ರಶ್ನೆಯಾಗಿ ನೋಡುವವರಿದ್ದಾರೆ. ಆ ನೋವು ನಿಜ, ಅದೊಂದೇ ಸಾಕಷ್ಟು ಕಾರಣ. ಆದರೆ ಅಭ್ಯಾಸದ ದೃಷ್ಟಿಯಿಂದಲೂ ಅದು ಕೆಟ್ಟ ಅಭ್ಯಾಸ. ವೇಷ ನೋಡಿ ಗುರುತಿಸಲು ಕಲಿತ ಕಾವಲುಗಾರ ವೇಷವಿಲ್ಲದವನನ್ನು ಒಳಗೆ ಬಿಡುತ್ತಾನೆ. ಛತ್ರಪತಿ ಶಿವಾಜಿ ಟರ್ಮಿನಸ್‌ನಲ್ಲಿ ಬಂದೂಕು ಹಿಡಿದವನ ಚಿತ್ರ ದೇಶವೆಲ್ಲ ನೋಡಿದೆ: ಕಾರ್ಗೋ ಪ್ಯಾಂಟು, ಬೆನ್ನಿಗೆ ಚೀಲ, ಕಾಲೇಜು ಹುಡುಗನಂಥ ಮುಖ.

ಅಭ್ಯಾಸದ ವೈಫಲ್ಯ ಬಹಿರಂಗಪಡಿಸಿದರೆ ಶತ್ರುವಿಗೆ ದಾರಿ ತೋರಿಸಿದಂತೆ ಎಂಬ ವಾದ ಯಾವಾಗಲೂ ಸಿದ್ಧವಿರುತ್ತದೆ. ಯಾವ ಕೊಲ್ಲಿಯಲ್ಲಿ ರಾಡಾರ್ ಕುರುಡು ಎಂದು ಪತ್ರಿಕೆಯಲ್ಲಿ ಅಚ್ಚು ಹಾಕಿ ಎಂದು ಯಾರೂ ಕೇಳುತ್ತಿಲ್ಲ. ಕೆಂಪು ಪಡೆ ಎಷ್ಟು ಸಲ ದಡ ಮುಟ್ಟಿತು, ಎಷ್ಟು ಸಲ ಸಿಕ್ಕಿತು, ಹಿಂದಿನ ವರ್ಷ ಕಂಡ ಕೊರತೆಗಳಲ್ಲಿ ಎಷ್ಟು ಸರಿಹೋಯಿತು ಎಂಬುದನ್ನು ವಿಧಾನಸಭೆಯ ಒಂದು ಸಮಿತಿಗಾದರೂ ಹೇಳಬೇಕಲ್ಲ. ಪ್ರಧಾನ್ ಸಮಿತಿಯ ವರದಿಯನ್ನೂ ಸರ್ಕಾರ ತಿಂಗಳುಗಟ್ಟಲೆ ಬಚ್ಚಿಟ್ಟಿತ್ತು. ಸೋರಿಕೆಯಾದ ಮೇಲೆ ಸದನದ ಮುಂದಿಟ್ಟಿತು. ಅದರಿಂದ ನಗರದ ಭದ್ರತೆಗೇನೂ ಧಕ್ಕೆಯಾಗಲಿಲ್ಲ. ಕೆಲವರ ಪ್ರತಿಷ್ಠೆಗೆ ಆಗಿರಬಹುದು. ಅಭ್ಯಾಸದ ದಿನಾಂಕ ಮೊದಲೇ ತಿಳಿದಿರುವುದು ಇನ್ನೊಂದು ಕೊರತೆ. ಎರಡು ದಿನ ಎಲ್ಲ ಠಾಣೆಗಳೂ ಎಚ್ಚರವಾಗಿರುತ್ತವೆ. ಮೂರನೆಯ ದಿನದ ನಿದ್ದೆಯನ್ನು ಯಾರೂ ಅಳೆಯುವುದಿಲ್ಲ.

2025ರ ಮೇ 7ರಂದು ದೇಶದ 244 ನಾಗರಿಕ ರಕ್ಷಣಾ ಜಿಲ್ಲೆಗಳಲ್ಲಿ ‘ಆಪರೇಷನ್ ಅಭ್ಯಾಸ್’ ನಡೆಸಲು ಕೇಂದ್ರ ಗೃಹ ಸಚಿವಾಲಯ ಸೂಚಿಸಿತ್ತು. ಕರ್ನಾಟಕದಲ್ಲಿ ಬೆಂಗಳೂರು, ಕಾರವಾರ, ರಾಯಚೂರು ಪಟ್ಟಿಯಲ್ಲಿದ್ದವು. ಆ ದಿನ ನಸುಕಿನಲ್ಲೇ ಆಪರೇಷನ್ ಸಿಂಧೂರ ಆರಂಭವಾಗಿತ್ತು, ಹಾಗಾಗಿ ಸಂಜೆ ನಾಲ್ಕಕ್ಕೆ ಚರ್ಚ್‌ಗೇಟ್ ಬಳಿಯ ಕ್ರಾಸ್ ಮೈದಾನದಲ್ಲಿ ಸೈರನ್ ಕೂಗಿದಾಗ ಅದು ಅಣಕಿನಂತೆ ಕೇಳಿಸುವ ಸ್ಥಿತಿಯಿರಲಿಲ್ಲ. ಆದರೆ ಸೈರನ್ ಕೂಗಿದರೆ ಏನು ಮಾಡಬೇಕೆಂದು ಕಲಿಯಬೇಕಾದವರು, ಅಂದರೆ ಆ ಹೊತ್ತಿಗೆ ಚರ್ಚ್‌ಗೇಟಿನಿಂದ ವಿರಾರ್ ಲೋಕಲ್ ಹತ್ತಲು ಓಡುವ ಜನ, ಮೈದಾನದ ಬೇಲಿಯ ಹೊರಗಿದ್ದರು. ಒಳಗಿದ್ದವರು ಸ್ವಯಂಸೇವಕರು ಮತ್ತು ಕ್ಯಾಮೆರಾಗಳು. ಲೋಕಲ್ ರೈಲಿನ ಬೋಗಿಯೊಳಗೆ ಜನ ಹೇಗೆ ಇಳಿಯುತ್ತಾರೆ, ಯಾವ ಸೇತುವೆ ಕಟ್ಟಿಕೊಳ್ಳುತ್ತದೆ ಎಂಬುದನ್ನು ಅನುಕರಿಸಲು ಸೈನಿಕರೂ ಬೇಕಿಲ್ಲ, ನಾಟಕವೂ ಬೇಕಿಲ್ಲ. ಒಂದು ಸಾಧಾರಣ ಕಂಪ್ಯೂಟರ್ ಮಾದರಿ ಸಾಕು. 2017ರ ಸೆಪ್ಟೆಂಬರ್‌ನಲ್ಲಿ ಎಲ್ಫಿನ್‌ಸ್ಟನ್ ರೋಡ್ ನಿಲ್ದಾಣದ ಕಿರಿದಾದ ಪಾದಚಾರಿ ಸೇತುವೆಯ ಮೇಲೆ ನೂಕುನುಗ್ಗಲಾಗಿ ಇಪ್ಪತ್ತಕ್ಕೂ ಹೆಚ್ಚು ಮಂದಿ ಸತ್ತಾಗ ಶತ್ರು ಯಾರೂ ಇರಲಿಲ್ಲ, ಮಳೆ ಮಾತ್ರ ಇತ್ತು.

ಮುಂದಿನ ಸಾಗರ ಕವಚದಲ್ಲಿ ಕೆಂಪು ಪಡೆಯ ಚುಕ್ಕಾಣಿಯನ್ನು ವರ್ಸೋವಾ, ಮಢ್, ಕೊಲಾಬಾಗಳ ಕೋಳಿ ಮೀನುಗಾರರಿಗೆ, ದಕ್ಷಿಣ ಕನ್ನಡ, ಉಡುಪಿಗಳಿಂದ ಹೋಗಿ ಮುಂಬೈ ಕಡಲನ್ನು ಬಲ್ಲ ಮೊಗವೀರರಿಗೆ ಒಪ್ಪಿಸಬಹುದು. ಭರತ ಇಳಿತದ ಯಾವ ಹೊತ್ತಿಗೆ ಯಾವ ಬಂಡೆಯ ಮರೆಯಲ್ಲಿ ದೋಣಿ ನಿಲ್ಲುತ್ತದೆ, ಗಸ್ತಿನವರು ಚಹಾಕ್ಕೆ ಎಷ್ಟು ಗಂಟೆಗೆ ಹೋಗುತ್ತಾರೆ ಎಂಬುದು ಅವರಿಗೆ ಗೊತ್ತು. ಈಗ ಅಭ್ಯಾಸದ ದಿನಗಳಲ್ಲಿ ಅವರಿಗೆ ಸಿಗುವ ಪಾತ್ರ ಒಂದೇ: ದೋಣಿ ನಿಲ್ಲಿಸಿ ಗುರುತಿನ ಚೀಟಿ ತೋರಿಸುವುದು. ಅವರು ಕೆಂಪು ಬಾವುಟ ಹಾರಿಸಿ ಗೇಟ್‌ವೇ ಮೆಟ್ಟಿಲಿನವರೆಗೆ ಬಂದುಬಿಟ್ಟರೆ, ಆ ವರದಿಯನ್ನು ಬರೆಯುವ ತೀರ್ಪುಗಾರ ಪೊಲೀಸ್ ಇಲಾಖೆಯವನೂ ನೌಕಾಪಡೆಯವನೂ ಆಗಿರಬಾರದು.