ಇಪ್ಪತ್ತೆಂಟಿಂಚಿನ ಟೈರ್ ನಿಲ್ಲಿಸ್ತಾರಂತೆ!

ಮೊನ್ನೆ ರಜೆಗೆ ಕಮಲಾಪುರಕ್ಕೆ ಹೋಗಿದ್ದೆ. ಅಪ್ಪನ ಅಟ್ಲಾಸ್ ಸೈಕಲ್ಲಿನ ಹಿಂದಿನ ಟೈರ್ ಹರಿದು ಟ್ಯೂಬು ಹೊರಗೆ ಇಣುಕ್ತಾ ಇತ್ತು. ಊರಲ್ಲಿ ಸಿಗಲಿಲ್ಲ, ಬಸ್ ಹತ್ತಿ ಕಲಬುರಗಿಯ ಸೂಪರ್ ಮಾರ್ಕೆಟ್‌ಗೆ ಬಂದೆ. ನಾಲ್ಕನೇ ಅಂಗಡಿಯವರು ಒಂದು ಟೈರ್ ತೆಗೆದು ಧೂಳು ಒರೆಸಿ, "ಇದ ಕಡೀದ್ರಿ ಸರ. ಕಂಪನಿಯವ್ರು ಈ ಸೈಜ್ ಬಂದ್ ಮಾಡ್ತಾರಂತ. ಹಳೀದು ಗುಜರಿಗಿ ಹಾಕಿ ಗೇರಿನ ಸೈಕಲ್ ತಗೋರಿ" ಅಂದ್ರು.

ಕಂಪನಿ ಹೆಸರು ಬರೆಯಲ್ಲ. ಅಂಗಡಿಯವರ ಬಾಯಿಮಾತು ಅಷ್ಟೆ, ಸುಳ್ಳಾದ್ರೆ ನನ್ನಷ್ಟು ಖುಷಿ ಯಾರಿಗೂ ಇಲ್ಲ. ಆದ್ರೆ ಆ "ಗುಜರಿಗಿ ಹಾಕಿ" ಅನ್ನೋ ಮಾತು ಕೇಳಿ ತಲೆ ಕೆಟ್ಟೋಯ್ತು.

ಅಪ್ಪನ ಸೈಕಲ್ಲಿನದು 28×1½. ಟೈರಿನ ಅಂಚಿನ ತಂತಿ ರಿಮ್ಮಿನ ಮೇಲೆ ಕೂರೋ ವ್ಯಾಸ 635 ಮಿ.ಮೀ. ಈಗಿನ ಗೇರ್ ಸೈಕಲ್ಲುಗಳ 700 ಸಿ ಟೈರಿನದು 622. ಅದನ್ನೂ 28 ಅಂತಾನೇ ಕರೀತಾರೆ! ಬರೀ 13 ಮಿ.ಮೀ. ವ್ಯತ್ಯಾಸ, ಆದ್ರೆ ಉಕ್ಕಿನ ತಂತಿ ಹಿಗ್ಗಲ್ಲ, ಟೈರ್ ಏರೋದೇ ಇಲ್ಲ. ಸರಿ, ರಿಮ್ಮೇ ಬದಲಾಯಿಸೋಣ ಅಂದ್ರೆ, ಹಿಂದಿನ ಹಬ್ಬಿಗೆ 40 ಕಡ್ಡಿ, ಹೊಸ ರಿಮ್ಮಿಗೆ ಸಾಮಾನ್ಯವಾಗಿ 36 ತೂತು. ಹಳೇ ಬ್ರೇಕಿನ ರಬ್ಬರು ಕಡ್ಡಿಗಳ ಕಡೆಯಿಂದ ರಿಮ್ಮಿಗೆ ಒತ್ತೋದು, ಹೊಸ ರಿಮ್ಮಲ್ಲಿ ಅದಕ್ಕೆ ಜಾಗ ಇಲ್ಲ. ಅಂದ್ರೆ ಒಂದು ಟೈರ್ ನಿಲ್ಲಿಸಿದ್ರೆ ಗಟ್ಟಿಮುಟ್ಟಾಗಿರೋ ಇಡೀ ಸೈಕಲ್ಲೇ ಸತ್ತಂಗೆ. ಸಾಫ್ಟ್‌ವೇರಿನಲ್ಲಿ ಒಂದು ಹಳೇ ಫಂಕ್ಷನ್ ಕಿತ್ತು ಹಾಕೋಕೂ ನಾವು ಎರಡು ವರ್ಷನ್ ಮುಂಚೆಯೇ ಎಚ್ಚರಿಕೆ ಕೊಡ್ತೀವಿ ಸ್ವಾಮಿ (ಕೊಡಬೇಕು, ಕನಿಷ್ಠ ಪಕ್ಷ :-) ).

"ಬೇಡಿಕೆ ಇಲ್ಲ" ಅನ್ನೋದು ಸಿದ್ಧ ಉತ್ತರ. ಕ್ಯಾರಿಯರ್ ಮೇಲೆ ಕೆಂಬಾಳೆ ಗೊನೆ ಕಟ್ಕೊಂಡು, ಹ್ಯಾಂಡಲ್ಲಿಗೆ ಹಾಲಿನ ಕ್ಯಾನ್ ತೂಗು ಹಾಕ್ಕೊಂಡು ಹೋಗೋನು ಎಷ್ಟೋ ವರ್ಷಕ್ಕೊಂದು ಟೈರ್ ಕೊಳ್ತಾನೆ. ಅವನು ಕಂಪನಿಗೆ ಇಮೇಲ್ ಬರೆಯಲ್ಲ. ಅವನ ಕ್ಯಾರಿಯರ್ರಿಲ್ಲದ ಗೇರ್ ಸೈಕಲ್ಲಿಗೆ ಗೊನೆ ಎಲ್ಲಿ ಕಟ್ಟೋದು?

ಬ್ರಾಂಡ್ ಸಾಯೋದು ಬೇರೆ ವಿಷಯ. 1936ರಲ್ಲಿ ಶುರುವಾದ ಡನ್‌ಲಪ್‌ನ ಸಾಹಾಗಂಜ್ ಕಾರ್ಖಾನೆ 2011ರಲ್ಲಿ ಬಾಗಿಲು ಹಾಕ್ತು. ಅಟ್ಲಾಸಿನ ಸಾಹಿಬಾಬಾದ್ ಕಾರ್ಖಾನೆ 2020ರ ಜೂನ್ 3ರಂದು ನಿಂತಿತು, ವಿಶ್ವ ಸೈಕಲ್ ದಿನದಂದೇ! ಎರಡೂ ಹೊಟ್ಟೆ ಉರಿಸಿದ ಸುದ್ದಿಗಳೇ. ಆದ್ರೂ ರಬ್ಬರ್ ಗಾಲಿಯ ಎತ್ತಿನ ಗಾಡಿಗೆ ನಮ್ಮ ಜನ ಡನ್‌ಲಪ್ ಗಾಡಿ ಅಂತಾರೆ, ಅಪ್ಪನ ಅಟ್ಲಾಸೂ ಓಡ್ತಿದೆ. ಯಾಕಂದ್ರೆ ಅದೇ ಅಳತೆಯ ಟೈರ್ ಬೇರೆಯವರು ಮಾಡ್ತಿದ್ರು. ಅಳತೆಯನ್ನೇ ಕೊಂದ್ರೆ ಯಾರ ಹತ್ರ ಹೋಗೋದು? ನಿಲ್ಲಿಸಲೇಬೇಕು ಅಂದ್ರೆ ಒಂದು ವರ್ಷ ಮುಂಚೆ ಹೇಳಿ, ಅಚ್ಚುಗಳನ್ನು ಯಾವುದಾದ್ರೂ ಸಣ್ಣ ಕಾರ್ಖಾನೆಗೆ ಮಾರಿ.

ಟೈರ್ ನೋಡಿ ಅಪ್ಪ, "ಎರಡ ತರಬೇಕಿತ್ತಲ್ಲೋ ತಮ್ಮಾ" ಅಂದ. ಒಂದೇ ಇತ್ತು ಅಂದೆ. ನಿಮ್ಮೂರಿನ ಅಂಗಡಿಯಲ್ಲಿ 28×1½ ಕಂಡ್ರೆ ದಯವಿಟ್ಟು ತಿಳಿಸಿ, ಮುಂದಿನದೂ ಸವೆದು ನುಣ್ಣಗಾಗಿದೆ.