ಮಗುವಿನ ಖಾತೆಯಲ್ಲಿ ಹುಟ್ಟಿದ ವರ್ಷ ಸರಿಯಿದೆಯೇ?

ಶಿಡ್ಲಘಟ್ಟದ ಕಡೆ ರೇಷ್ಮೆ ಹುಳು ನಾಲ್ಕನೇ ಜ್ವರ ದಾಟಿತೆಂದರೆ ಮನೆಮಂದಿಗೆಲ್ಲ ಸೊಪ್ಪು ಹಾಕುವುದೇ ಕೆಲಸ. ಚಿಂತಾಮಣಿಯ ಸುತ್ತ ಟೊಮೆಟೊ ಬಿಡಿಸುವ ಗಡಿಬಿಡಿ, ಗೌರಿಬಿದನೂರಿನಲ್ಲಿ ಬೆಂಗಳೂರಿನ ರೈಲು ಹಿಡಿಯುವ ಅವಸರ, ಚಿಕ್ಕಬಳ್ಳಾಪುರದಲ್ಲಿ ನಸುಕಿನ ಹೂವಿನ ವ್ಯಾಪಾರ. ದೊಡ್ಡವರಿಗೆ ಪುರುಸೊತ್ತಿಲ್ಲದ ಹೊತ್ತಿನಲ್ಲಿ ಎಂಟು, ಒಂಬತ್ತನೇ ತರಗತಿಯ ಮಕ್ಕಳ ಕೈಗೆ ಮೊಬೈಲ್ ಸಿಗುತ್ತದೆ. ಹೋಂವರ್ಕಿಗೆಂದು ತೆಗೆದದ್ದು ರೀಲ್ಸ್, ಶಾರ್ಟ್ಸ್, ಫ್ರೀ ಫೈರ್ ಮ್ಯಾಕ್ಸ್‌ನತ್ತ ಹೊರಳುತ್ತದೆ.

ದೇಶದ ಹಳ್ಳಿಗಳಲ್ಲಿ ನಡೆದ 2024ರ ‘ಅಸರ್’ ಸಮೀಕ್ಷೆಯೂ ಇದನ್ನೇ ಹೇಳುತ್ತದೆ. ಸ್ಮಾರ್ಟ್‌ಫೋನ್ ಬಳಸಲು ಬಲ್ಲ 14ರಿಂದ 16ರ ಮಕ್ಕಳಲ್ಲಿ ಸಮೀಕ್ಷೆಯ ಹಿಂದಿನ ವಾರ ಅದನ್ನು ಓದಿಗೆ ಬಳಸಿದವರು ಶೇ 57, ಸೋಷಿಯಲ್ ಮೀಡಿಯಾಗೆ ಬಳಸಿದವರು ಶೇ 76. ಸೋಷಿಯಲ್ ಮೀಡಿಯಾ ಬಳಸುವವರಲ್ಲಿ ಪ್ರೊಫೈಲನ್ನು ಪ್ರೈವೇಟ್ ಮಾಡಲು ಗೊತ್ತಿದ್ದವರು ಶೇ 55ರಷ್ಟು ಮಾತ್ರ.

ಉಳಿದವರ ಫೋಟೊ, ಊರು, ಶಾಲೆಯ ಸಮವಸ್ತ್ರ ಎಲ್ಲವೂ ಅಪರಿಚಿತರ ಕಣ್ಣಿಗೆ ಬೀಳಬಹುದು.

ಇನ್‌ಸ್ಟಾಗ್ರಾಂನಲ್ಲಿ ಖಾತೆ ತೆರೆಯಲು 13 ತುಂಬಿರಬೇಕು. 2025ರಿಂದ ಭಾರತದಲ್ಲೂ ಅದು ಹದಿಹರೆಯದವರಿಗೆ ‘ಟೀನ್ ಅಕೌಂಟ್’ ತಂದಿದೆ. ಆ ಖಾತೆ ತಾನಾಗಿಯೇ ಪ್ರೈವೇಟ್ ಆಗಿರುತ್ತದೆ, ಪರಿಚಯವಿಲ್ಲದವರ ಸಂದೇಶ ತಡೆಯುತ್ತದೆ, ರಾತ್ರಿ 10ರಿಂದ ಬೆಳಿಗ್ಗೆ 7ರವರೆಗೆ ನೋಟಿಫಿಕೇಶನ್ ಸದ್ದಡಗಿಸುತ್ತದೆ. 16 ತುಂಬದವರು ಈ ಕಟ್ಟು ಸಡಿಲಿಸಲು ಪೋಷಕರ ಒಪ್ಪಿಗೆ ಬೇಕು. ಆದರೆ 2012ರಲ್ಲಿ ಹುಟ್ಟಿದ ಹುಡುಗ 2004 ಎಂದು ಒತ್ತಿದರೆ, ಅಥವಾ ಅಮ್ಮನ ಖಾತೆಯಲ್ಲೇ ನೋಡುತ್ತ ಕೂತರೆ, ಈ ರಕ್ಷಣೆ ಅವನಿಗೆ ದಕ್ಕದೇ ಹೋಗಬಹುದು.

ಆದ್ದರಿಂದ ಪೋಷಕರಲ್ಲಿ ಕಳಕಳಿಯ ಮನವಿ: ಮೊಬೈಲ್ ಕಿತ್ತುಕೊಂಡು ಬೈಯುವ ಮೊದಲು ಒಂದು ಸಂಜೆ ಮಗುವಿನ ಪಕ್ಕ ಕೂರಿ. ಯಾರ ವಿಡಿಯೊ ಇಷ್ಟ, ಏಕೆ ಇಷ್ಟ ಎಂದು ಕೇಳಿ. ತೆಲುಗು, ಕನ್ನಡ ಹಾಡಿಗೆ ಹೆಜ್ಜೆ ಹಾಕಿ ರೀಲ್ಸ್ ಮಾಡುವ ಮಗುವಿನ ಉತ್ಸಾಹವನ್ನು ಹೀಗಳೆಯಬೇಡಿ. ಹುಟ್ಟಿದ ವರ್ಷ ಸರಿಪಡಿಸಿ, ಬ್ಲಾಕ್ ಮಾಡುವುದನ್ನು ಜೊತೆಯಲ್ಲೇ ಕಲಿಯಿರಿ. ಯಾರಾದರೂ ಫೋಟೊ ಕೇಳಿದರೆ, ಬೆದರಿಸಿದರೆ ಮನೆಯಲ್ಲಿ ಹೇಳಿಕೊಳ್ಳುವ ಧೈರ್ಯ ಮಗುವಿಗಿರಲಿ, ತಪ್ಪು ಅದರದ್ದಲ್ಲ.

ಶಿಡ್ಲಘಟ್ಟ, ಚಿಂತಾಮಣಿ, ಗೌರಿಬಿದನೂರು, ಚಿಕ್ಕಬಳ್ಳಾಪುರ ಈ ನಾಲ್ಕೂ ತಾಲ್ಲೂಕುಗಳ ಎಸ್‌ಡಿಎಂಸಿ ಸದಸ್ಯರು ಮುಂದಿನ ಸಭೆಯಲ್ಲೇ ಇದನ್ನು ಚರ್ಚೆಗೆತ್ತಿಕೊಳ್ಳಲಿ. ಮಕ್ಕಳ ಸಹಾಯವಾಣಿ 1098, ಸೈಬರ್ ವಂಚನೆಗೆ 1930: ಈ ಎರಡು ಸಂಖ್ಯೆಗಳನ್ನು ಶಾಲೆಯ ಗೋಡೆಯ ಮೇಲೂ ಗ್ರಾಮ ಪಂಚಾಯಿತಿಯ ಅರಿವು ಕೇಂದ್ರದಲ್ಲೂ ಮಕ್ಕಳಿಗೆ ಕಾಣುವಂತೆ ಬರೆಸಲಿ.